ಜಯಲಕ್ಷ್ಮೀವಿಲಾಸ

ಮೈಸೂರಿನ ಕುಕ್ಕರಹಳ್ಳಿ ಕೆರೆಯ ಪಶ್ಚಿಮಕ್ಕೆ, ಮಾನಸಗಂಗೋತ್ರಿಯ ಆವರಣದಲ್ಲಿ ಜಯಲಕ್ಷ್ಮೀವಿಲಾಸವೆಂಬ ಭವ್ಯಸೌಧವಿರುವುದು. 1905ರಲ್ಲಿ ರಾಜಮನೆತನದವರು ಹಿರಿಯ ರಾಜಕುಮಾರಿ ಜಯಲಕ್ಷ್ಮಮ್ಮಣ್ಣಿಯವರಿಗಾಗಿ ಇದನ್ನು ಕಟ್ಟಿಸಿದರು. ಮೈಸೂರು ವಿಶ್ವವಿದ್ಯಾನಿಲಯವು ಹುಟ್ಟಿದುದು ಅದಾದ ಮೇಲೆ, 1916ರಲ್ಲಿ. ಕುವೆಂಪುರವರು ಉಪಕುಲಪತಿಗಳಾಗಿದ್ದಾಗ, 1959ರಲ್ಲಿ, ಸೌಧವು ವಿಶ್ವವಿದ್ಯಾನಿಲಯದ ಸ್ವತ್ತಾಯಿತು. 1968ರಲ್ಲಿ ಜಾನಪದ ವಸ್ತುಸಂಗ್ರಹಾಲಯವು ಅಲ್ಲಿ ನೆಲೆಗೊಂಡಿತು.

‘ವಾಸ್ತು’ ಶಬ್ದಕ್ಕೆ ವಾಸಾರ್ಥಕವಾದ ‘ವಸ್’ ಧಾತುವೇ ಮೂಲ. ವಾಸಿಸುವವರಿಲ್ಲದ ಮನೆಯು ಎಷ್ಟು ದೊಡ್ಡದಾದರೇನು, ಇಟ್ಟಿಗೆ ಗಾರೆಗಳ ರಾಶಿಯೇ ಸರಿ. ರಾಜಪರಿವಾರವು ತೆರಳಿದ ಬಳಿಕ ಈ ಮನೆಗೆ ವಾಸಕ್ಕೆ ಬಂದವರಾರು? ಹಳ್ಳಿಗರ ತೊಗಲುಗೊಂಬೆಗಳು, ಸೋಮನ ಮುಖವಾಡಗಳು, ಯಕ್ಷಗಾನದ ವೇಷಭೂಷಣಗಳು!

ಒಮ್ಮೆ ನಮ್ಮ ಶಾಲೆಯ ಬಾಲಕರನ್ನು ಅಲ್ಲಿಗೆ ಕರೆದೊಯ್ದಿದ್ದೆನು. ತರಗತಿಯಲ್ಲಿ ಎಂದೂ ಬಾಯಿಬಿಡದ ಹುಡುಗನೊಬ್ಬನು ಗೊಂಬೆಗಳ ಮುಂದೆ ನಿಂತು, “ಮೇಷ್ಟ್ರೇ, ನಮ್ಮ ತಾತ ಆಡಿಸ್ತಿದ್ದದ್ದು ಇಂಥವೇ” ಎಂದನು. ಉಳಿದವರೆಲ್ಲರೂ ಅವನನ್ನು ಸುತ್ತುವರಿದು ಪ್ರಶ್ನಿಸತೊಡಗಿದರು. ಆ ಅರಮನೆಯಲ್ಲಿ ಆ ದಿನ ಮನೆಯವನೆಂದರೆ ಅವನೊಬ್ಬನೇ.

ಈ ಸೌಧವೂ ಶಿಥಿಲವಾಗಿ, ಇನ್ಫೋಸಿಸ್ ಪ್ರತಿಷ್ಠಾನದ ನೆರವಿನಿಂದ ಜೀರ್ಣೋದ್ಧಾರಗೊಂಡು 2006ರಲ್ಲಿ ಪುನಃ ತೆರೆಯಿತು. ಆದರೆ ಬಿರುಕುಗಳಿಗೆ ಗಾರೆ ಮೆತ್ತಿದ ಮಾತ್ರಕ್ಕೆ ಕರ್ತವ್ಯವು ಮುಗಿಯದು. ವಾಚಕಮಹಾಶಯರು ಇಂತಹ ಮನೆಗಳಿಗೆ ತಮ್ಮ ಮಕ್ಕಳನ್ನೂ, ಅವರೊಡನೆ ನೆರೆಮನೆಯ ಬಡಮಕ್ಕಳನ್ನೂ ಕರೆದೊಯ್ಯಬೇಕು. ಅವರ ಹೆಜ್ಜೆಯ ಸದ್ದು ನಿಂತರೆ ಯಾವ ಗಾರೆಯೂ ಉಳಿಸಲಾರದು.