ಹೈಡ್ರಾ ಅವಳೋ, ಅದೋ?

ಹಳೆಯ ಕ್ಯಾಲೆಂಡರ್ ಹಾಳೆಯ ಹಿಂಬದಿಯಲ್ಲಿ ಗ್ರೀಕ್ ದೇವತೆಗಳ ವಂಶಾವಳಿ ಬರೆಯುತ್ತಾ ಕೂತಿದ್ದೇನೆ. ಆಧಾರ, ಕ್ರಿ.ಪೂ. 700ರ ಸುಮಾರಿಗೆ ಹೆಸಿಯಡ್ ಕಟ್ಟಿದ ‘ಥಿಯಾಗನಿ’. ಸಾವಿರ ಸಾಲಿನ ಆಸುಪಾಸಿನ ಕಾವ್ಯ. ಯಾರು ಯಾರಿಗೆ ಹುಟ್ಟಿದರು ಎಂಬುದೇ ಅದರ ಬೆನ್ನೆಲುಬು. ಹಾಳೆಯ ಮೇಲ್ತುದಿಗೆ ಗೈಯಾ, ಭೂಮಿತಾಯಿ. ಗಂಡಿನ ಕೂಟವಿಲ್ಲದೆ ಅವಳು ಆಕಾಶವಾದ ಯುರೇನಸ್‌ನನ್ನು ಹೆತ್ತಳು, ಕಡಲಾದ ಪಾಂಟಸ್‌ನನ್ನು ಹೆತ್ತಳು, ಆಮೇಲೆ ಅವರಿಬ್ಬರಿಂದಲೂ ಮಕ್ಕಳನ್ನು ಪಡೆದಳು. ಆಕಾಶದ ಕಡೆಯವರು ದೇವರು, ಕಡಲಿನ ಕಡೆಯವರು ರಕ್ಕಸರು ಎಂದುಕೊಂಡು ನಡುವೆ ಒಂದು ಗೆರೆ ಎಳೆದೆ. ಗೆರೆ ನಿಲ್ಲಲಿಲ್ಲ. ಆಕಾಶದ ಕಡೆ, ಟೈಟನ್ ದೇವರುಗಳನ್ನು ಹೊತ್ತ ಹೊಟ್ಟೆಯಲ್ಲೇ ಒಂಟಿಗಣ್ಣಿನ ಮೂವರು, ನೂರು ಕೈ ಐವತ್ತು ತಲೆಯ ಮೂವರು ಹುಟ್ಟಿದ್ದಾರೆ. ಕಡಲಿನ ಕಡೆ ನೋಡಿದರೆ ಹಿರಿಮಗ ನೀರಿಯಸ್ ಸುಳ್ಳಾಡದ, ಮೆದು ಮನಸ್ಸಿನ ಮುದುಕ, ಐವತ್ತು ಹೆಣ್ಣುಮಕ್ಕಳ ತಂದೆ. ಅವನ ತಮ್ಮ ಫಾರ್ಕಿಸ್ ತಂಗಿ ಕೀಟೊಳನ್ನೇ ಕೂಡಿದ. ಅವರ ಮಗಳು ಮೆಡೂಸಾ.

ಅದಿತಿ, ದಿತಿ, ಕದ್ರು, ವಿನತೆಯರ ಕಥೆ ಕೇಳಿ ಬೆಳೆದ ನಮಗೆ ‘ದಾಯಾದಿ’ ಎಂಬ ಮಾತು ಥಟ್ಟನೆ ಬಾಯಿಗೆ ಬರುತ್ತದೆ. ಆದರೆ ಅಲ್ಲಿ ತಾಯಂದಿರಾದರೂ ಬೇರೆ ಬೇರೆ. ಇಲ್ಲಿ ಅದೂ ಇಲ್ಲ.

*

ಅಫ್ರೊಡೈಟಿಯನ್ನು ಎಲ್ಲಿ ಬರೆಯಲಿ? ಕ್ರೋನಸ್ ಕುಡುಗೋಲಿನಿಂದ ತಂದೆ ಯುರೇನಸ್‌ನ ಪುರುಷಾಂಗ ಕತ್ತರಿಸಿ ಕಡಲಿಗೆ ಎಸೆದಾಗ ಎದ್ದ ನೊರೆಯಲ್ಲಿ ಅವಳು ಹುಟ್ಟಿದಳು ಎನ್ನುತ್ತಾನೆ ಹೆಸಿಯಡ್. ಆ ಲೆಕ್ಕಕ್ಕೆ ಕ್ರೋನಸ್‌ಗೆ ತಂಗಿ, ಅವನ ಮಗ ಜೀಯಸ್‌ಗೆ ಸೋದರತ್ತೆ. ‘ಇಲಿಯಡ್’ನಲ್ಲಿ ಅವಳು ಜೀಯಸ್‌ಗೂ ಡಯೋನಿಗೂ ಹುಟ್ಟಿದ ಮಗಳು. ಅತ್ತೆಯೋ, ಮಗಳೋ? ಎರಡೂ ಕಡೆ ಬರೆದು ನಡುವೆ ಚುಕ್ಕಿಗೆರೆ ಹಾಕಿದ್ದೇನೆ.

*

ಇವತ್ತು ಸಿಕ್ಕಿದ್ದು ಬೇರೆ ಗಂಟು. ಹೆರಾಕ್ಲಿಸ್ ಮೂರು ತಲೆಯ ಗೆರಿಯನ್‌ನನ್ನು ಕೊಂದು ಅವನ ದನಗಳನ್ನು ಹೊಡೆದುಕೊಂಡು ಬಂದ. ಪುಸ್ತಕಗಳಲ್ಲಿ ಗೆರಿಯನ್ ಒಬ್ಬ ದೈತ್ಯ, ಅಷ್ಟೆ. ನಾನು ನಮ್ಮ ಮನೆಗಳಲ್ಲಿ ಕೇಳುವ ಹಾಗೆ ಕೇಳಿಕೊಂಡೆ: ಅವನು ಇವನಿಗೆ ಏನಾಗಬೇಕು?

ಹೆರಾಕ್ಲಿಸ್‌ನ ಅಪ್ಪ ಜೀಯಸ್. ಹೆಸಿಯಡ್ ಹೇಳುವಂತೆ ಜೀಯಸ್ ಮನೆಗೆ ಕಿರಿಯ. ಹಾಗಾಗಿ ಅವನ ಅಣ್ಣ ಪೊಸೈಡನ್ ಹೆರಾಕ್ಲಿಸ್‌ಗೆ ದೊಡ್ಡಪ್ಪ. ಆ ದೊಡ್ಡಪ್ಪನಿಂದ ಮೆಡೂಸಾ ಬಸುರಾದಳು. ಪರ್ಸಿಯಸ್ ಅವಳ ತಲೆ ಕಡಿದಾಗ ಕೊರಳಿನಿಂದ ಹಾರಿ ಬಂದವರು ರೆಕ್ಕೆಯ ಕುದುರೆ ಪೆಗಾಸಸ್ ಮತ್ತು ಕ್ರೈಸೋರ್. ಕ್ರೈಸೋರ್‌ನ ಮಗನೇ ಗೆರಿಯನ್. ಇನ್ನು ಪರ್ಸಿಯಸ್ ಎಂದರೆ ಹೆರಾಕ್ಲಿಸ್‌ನ ತಾಯಿ ಅಲ್ಕ್‌ಮೀನಿಗೆ ಅಜ್ಜ. ಅವನೂ ಜೀಯಸ್‌ನ ಮಗನೇ. ಅಂದಮೇಲೆ ಹೆರಾಕ್ಲಿಸ್ ಜೀಯಸ್‌ಗೆ ಮಗನೂ ಹೌದು, ಮರಿಮಗಳ ಮಗನೂ ಹೌದು. ಮುತ್ತಜ್ಜನ ಕಾಲಕ್ಕೇ ಹುಟ್ಟಿದ ಕ್ರೈಸೋರ್ ಹೆರಾಕ್ಲಿಸ್‌ಗೆ ಅಣ್ಣ. ಕನ್ನಡದಲ್ಲಿ ದೊಡ್ಡಪ್ಪನ ಮಗನನ್ನು ಬೇರೆ ಏನೆಂದೂ ಕರೆಯುವುದಿಲ್ಲ. ಗೆರಿಯನ್ ಅಣ್ಣನ ಮಗ. ಎದುರು ಸಿಕ್ಕಿದ್ದರೆ ಚಿಕ್ಕಪ್ಪ ಎನ್ನಬೇಕಾಗಿದ್ದ ಹುಡುಗ.

ಇಂಗ್ಲಿಷಿನ ‘ಕಸಿನ್’ ಎಂಬ ಪದದಲ್ಲಿ ಓದಿದಾಗ ಇದು ನನಗೆ ತಾಕಿರಲಿಲ್ಲ.

*

ಕ್ರಿ.ಪೂ. ಆರನೆಯ ಶತಮಾನದ ಕವಿ ಸ್ಟೆಸಿಕೋರಸ್‌ಗೆ ತಾಕಿತ್ತು. ಗೆರಿಯನ್ ಮೇಲೆ ಅವನೊಂದು ನೀಳ್ಗವನ ಕಟ್ಟಿದ. ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಸಿಕ್ಕ ಪಪೈರಸ್ ಚೂರುಗಳಲ್ಲಿ ಅದರ ತುಣುಕುಗಳು ಉಳಿದಿದ್ದವು, 1967ರಲ್ಲಿ ಅಚ್ಚಾದವು. ಆ ಹರಿದ ಸಾಲುಗಳಲ್ಲಿ ತಾಯಿ ಕಲಿರೋಯೆ ಎದೆ ತೋರಿಸಿ, ಹಾಲೂಡಿಸಿದ ಋಣ ನೆನಪಿಸಿ, ಹೋಗಬೇಡ ಎಂದು ಮಗನನ್ನು ಬೇಡುತ್ತಾಳೆ. ಮಗ ಹೋಗುತ್ತಾನೆ. ಬಾಣ ಹಣೆಗೆ ನಾಟುತ್ತದೆ, ಎಸಳು ಉದುರಿಸುವ ಗಸಗಸೆ ಹೂವಿನಂತೆ ಒಂದು ಕೊರಳು ಓರೆಯಾಗಿ ವಾಲುತ್ತದೆ. ಮೂರರಲ್ಲಿ ಒಂದು. ಈ ಕವಿ ಅವನನ್ನು ಹತ್ತಿರದಿಂದ ನೋಡಿದ್ದಾನೆ.

*

ಕಾರ್ಫು ದ್ವೀಪದ ಆರ್ಟೆಮಿಸ್ ಗುಡಿ, ಕ್ರಿ.ಪೂ. 580ರ ಸುಮಾರಿನದು. ಅದರ ಮುಂಗೋಪುರದ ತ್ರಿಕೋನದಲ್ಲಿದ್ದ ಮೆಡೂಸಾಳ ಚಿತ್ರವನ್ನು ಬಹಳ ಹೊತ್ತು ನೋಡಿದೆ. ಆಳೆತ್ತರಕ್ಕೂ ಮಿಗಿಲಾದ ಸುಣ್ಣಕಲ್ಲಿನ ಉಬ್ಬುಶಿಲ್ಪ. ಮಂಡಿ ಮಡಚಿ ಓಡುವ ಭಂಗಿ. ನಡುವಿಗೆ ಎರಡು ಹಾವುಗಳ ಡಾಬು, ಹೆಡೆಗಳು ಎದುರುಬದುರು. ಒಂದು ಪಕ್ಕದಲ್ಲಿ ಪೆಗಾಸಸ್, ಇನ್ನೊಂದು ಪಕ್ಕದಲ್ಲಿ ಕ್ರೈಸೋರ್. ತಲೆ ಇನ್ನೂ ಕೊರಳ ಮೇಲೇ ಇದೆ! ತಲೆ ಹೋದ ಮೇಲಲ್ಲವೇ ಮಕ್ಕಳು ಹುಟ್ಟಿದ್ದು? ಶಿಲ್ಪಿಗೆ ಕಥೆ ಗೊತ್ತಿಲ್ಲದೆ ಇರಲಾರದು. ತಾಯಿ ಮಕ್ಕಳನ್ನು ಒಮ್ಮೆಯಾದರೂ ಒಟ್ಟಿಗೆ ನಿಲ್ಲಿಸಬೇಕು ಅನ್ನಿಸಿತೇನೋ. ನನಗೆ ಹಾಗೆ ನಂಬಲು ಇಷ್ಟ.

*

ಎಕಿಡ್ನಾ. ಅರ್ಧ ಮಿಂಚುಗಣ್ಣಿನ ಚೆಲುವೆ, ಅರ್ಧ ಹೆಬ್ಬಾವು. ಗಂಡ ಟೈಫನ್, ಗೈಯಾಳ ಕೊನೆಯ ಮಗ. ಅಂದರೆ ಕ್ರೋನಸ್‌ನ ತಮ್ಮ, ತನ್ನನ್ನು ಸಿಡಿಲಿನಿಂದ ಸುಟ್ಟ ಜೀಯಸ್‌ಗೆ ಚಿಕ್ಕಪ್ಪ. ಎಕಿಡ್ನಾಳನ್ನು ಹೆತ್ತವರು ಯಾರು? ಹೆಸಿಯಡ್ ‘ಅವಳು ಹೆತ್ತಳು’ ಎಂದು ಬಿಟ್ಟುಬಿಡುತ್ತಾನೆ. ಆ ‘ಅವಳು’ ಕೀಟೊ ಇರಬಹುದು, ಕಲಿರೋಯೆಯೂ ಇರಬಹುದು. ವಿದ್ವಾಂಸರು ಇಂದಿಗೂ ಒಮ್ಮತಕ್ಕೆ ಬಂದಿಲ್ಲ. ಮೊದಲನೆಯದಾದರೆ ಅವಳು ಮೆಡೂಸಾಳ ಒಡಹುಟ್ಟು, ಎರಡನೆಯದಾದರೆ ಮೊಮ್ಮಗಳು.

ಮುಂದಕ್ಕೆ ಇನ್ನೂ ಕಷ್ಟ. ಎಕಿಡ್ನಾ ನಾಯಿ ಆರ್ಥಸ್‌ನನ್ನು ಹೆತ್ತಳು, ಐವತ್ತು ತಲೆಯ ಸೆರ್ಬೆರಸ್‌ನನ್ನು ಹೆತ್ತಳು, ಹಾವು ಹೈಡ್ರಾಳನ್ನು ಹೆತ್ತಳು. ಆಮೇಲೆ ‘ಅವಳು’ ಕೈಮೀರಾಳನ್ನು ಹೆತ್ತಳು. ಯಾವ ಅವಳು? ಎಕಿಡ್ನಾಳೋ, ಹೈಡ್ರಾಳೋ? ಗ್ರೀಕಿನಲ್ಲಿ ಹೈಡ್ರಾ ಸ್ತ್ರೀಲಿಂಗ, ಹಾಗಾಗಿ ಇಬ್ಬರಿಗೂ ಸಲ್ಲುತ್ತದೆ. ಕನ್ನಡದಲ್ಲಿ ಬರೆಯುವವರು ತೀರ್ಮಾನಿಸಿಯೇ ಆಗಬೇಕು, ಏಕೆಂದರೆ ಹಾವಿಗೆ, ನಾಯಿಗೆ ನಾವು ‘ಅದು’ ಎನ್ನುತ್ತೇವೆ. ತಾಯಿಗೆ ಸೊಂಟದ ತನಕ ಹೆಣ್ಣಿನ ಮೈ ಇದೆ ಎಂದು ‘ಅವಳು’, ಮಕ್ಕಳು ‘ಅದು’, ‘ಇದು’. ಮೇಲಿನ ಸಾಲಿನಲ್ಲಿ ‘ಹೈಡ್ರಾಳನ್ನು’ ಎಂದು ಬರೆದುಬಿಟ್ಟಿದ್ದೇನೆ. ‘ಹೈಡ್ರಾವನ್ನು’ ಎಂದು ತಿದ್ದಲು ಪೆನ್ನು ಎತ್ತಿದೆ, ಮನಸ್ಸು ಬರಲಿಲ್ಲ.

*

ಹೈಡ್ರಾಳನ್ನು ಕೊಂದವನು ಹೆರಾಕ್ಲಿಸ್. ಆರ್ಥಸ್‌ನನ್ನೂ ಅವನೇ. ಕೈಮೀರಾಳನ್ನು ವೀರ ಬೆಲ್ಲೆರೊಫಾನ್ ಕೊಂದದ್ದು ಪೆಗಾಸಸ್ ಬೆನ್ನೇರಿ, ಅಂದರೆ ನೆಂಟರ ಬೆನ್ನೇರಿ. ಎಕಿಡ್ನಾ ಮಾತ್ರ ಹೆಸಿಯಡ್‌ನ ಕಾವ್ಯದಲ್ಲಿ ಸಾಯುವುದಿಲ್ಲ. ದೇವರಿಂದಲೂ ಮನುಷ್ಯರಿಂದಲೂ ದೂರ, ಅರಿಮಾದ ನೆಲದಡಿ ಒಂದು ಗುಹೆಯಲ್ಲಿದ್ದಾಳೆ. ಮುಪ್ಪಿಲ್ಲ, ಸಾವಿಲ್ಲ. ಮಕ್ಕಳ ಸುದ್ದಿಯನ್ನು ಅಲ್ಲಿಗೆ ಯಾರಾದರೂ ಮುಟ್ಟಿಸಿದರೇ ಎಂಬುದನ್ನು ಕವಿ ಬರೆದಿಲ್ಲ.