ಬೀದಿಯ ಬಟ್ಟಲು ಮತ್ತು ಅನಸ್ತಮಿತ

ವಿಯೆಟ್ನಾಮಿನ ಹನೋಯಿಯಲ್ಲಿ ಮಾರ್ಗದರ್ಶಿಯ ಹಿಂದೆ ನಡೆಯುತ್ತ ಬೀದಿ ತಿನಿಸುಗಳನ್ನು ಸವಿಯುವ ಪ್ರವಾಸಗಳು ಹೆಚ್ಚಾಗಿ ಸಂಜೆ ಹೊರಡುತ್ತವೆ. ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳದಿಂದ ಹೋದ ವ್ರತನಿಷ್ಠ ಶ್ರಾವಕನಿಗೆ ಮೊದಲ ತೊಡಕು ಇದೇ: ಸೂರ್ಯಾಸ್ತದ ಬಳಿಕ ಉಣ್ಣಬಾರದೆಂಬ ಅನಸ್ತಮಿತ ವ್ರತ. ಎರಡನೆಯದು ಕಣ್ಣಿಗೆ ಕಾಣದು. ಉಪ್ಪಿನಲ್ಲಿ ತಿಂಗಳುಗಟ್ಟಲೆ ಹುದುಗಿದ ಮೀನಿನ ರಸವು ಬರಿಯ ಸೊಪ್ಪಿನ ಪಲ್ಯದಲ್ಲೂ ಬೆರೆತಿರಬಹುದು.

ಆದರೂ ದಾರಿ ಮುಚ್ಚಿಲ್ಲ. ‘ಚಾಯ್’ ಎಂಬ ಫಲಕವಿದ್ದರೆ ಅದು ಸಸ್ಯಾಹಾರ. ಚಾಂದ್ರಮಾಸದ 1 ಮತ್ತು 15ನೆಯ ದಿನಗಳಲ್ಲಿ ಅನೇಕ ಬೌದ್ಧರು ಉಣ್ಣುವುದು ಅದನ್ನೇ. ನಮ್ಮ ಅಷ್ಟಮಿ, ಚತುರ್ದಶಿಗಳು ನೆನಪಾಗದಿರವು. ಅಲ್ಲಿನ ವಿಹಾರಗಳ ಅಡುಗೆಯಲ್ಲಿ ಈರುಳ್ಳಿ, ಬೆಳ್ಳುಳ್ಳಿಗಳಿಗೂ ಸ್ಥಾನವಿಲ್ಲ. ಕಾರಣ ಮಾತ್ರ ಬೇರೆ: ಅವರಿಗೆ ಅವು ಚಿತ್ತವನ್ನು ಕೆರಳಿಸುವ ವಸ್ತುಗಳು, ಜೈನನಿಗೆ ಅನಂತ ಜೀವಗಳ ಒಡಲು. ಆದ್ದರಿಂದಲೇ ಕೆಸುವಿನ ಗೆಡ್ಡೆ ಅಲ್ಲಿ ನಿರಾತಂಕವಾಗಿ ಬಟ್ಟಲಿಗೆ ಬರುತ್ತದೆ.

ಗೆರೆಗಳು ಮನೆಯೊಳಗೂ ಒಂದೇ ಆಗಿರಲಿಲ್ಲವೆನ್ನಿ. ಬಹುಬೀಜವೆಂದು ಬದನೆಯನ್ನು ತೊರೆದ ಜೈನರುಂಟು. 16ನೆಯ ಶತಮಾನದ ಜೈನ ಕವಿ ಮೂರನೆಯ ಮಂಗರಸನ ‘ಸೂಪಶಾಸ್ತ್ರ’ವಾದರೋ ಬದನೆಯ ಅಡುಗೆಗಳನ್ನು ಬಗೆಬಗೆಯಾಗಿ ವಿವರಿಸುತ್ತದೆ.

ಹೊತ್ತಿನ ವಿಷಯದಲ್ಲಿ ಇಂಥ ಸಡಿಲಿಕೆಯಿಲ್ಲ. ಡಿಸೆಂಬರಿನಲ್ಲಿ ಹನೋಯಿಯ ಸೂರ್ಯ ಐದೂಕಾಲರ ಸುಮಾರಿಗೆ ಮುಳುಗುತ್ತಾನೆ. ಶ್ರಾವಕನು ಮಧ್ಯಾಹ್ನ ಮೂರಕ್ಕೇ ಹೊರಡಬೇಕು.