ನೆಲದ ಲೇಪವೂ ನೆಲದ ತೇವವೂ

ಮನೆಯ ಮುಂಗಡೆ ಕಾರು ನಿಲ್ಲಿಸುವ ಷೆಡ್ಡೆಂಬುದು ಈಗ ನಮ್ಮ ಬಳ್ಳಾರಿಯ ಅನೇಕ ಗೃಹಸ್ಥರಿಗೆ ಅವಶ್ಯವಾಗಿರುವುದು. ಹೆಸರಿಗೆ ಅದು ವಾಹನದ ಸ್ಥಾನವಾದರೂ, ಕಾರು ಹೊರಗೆ ಹೋದೊಡನೆ ಅಲ್ಲಿಯೇ ಜೋಳವನ್ನು ಹಸನು ಮಾಡುವರು, ಮೆಣಸಿನಕಾಯಿಯ ತೊಟ್ಟು ಬಿಡಿಸುವರು, ಮಕ್ಕಳು ಆಡುವರು. ಆದಕಾರಣ ಅದರ ನೆಲದ ವಿಚಾರವು ಮೇಸ್ತ್ರಿಗೆ ಮಾತ್ರ ಸೇರಿದುದಲ್ಲ.

ಕಾಂಕ್ರೀಟು ಕಲ್ಲಿನಂತೆ ಕಂಡರೂ ಕಲ್ಲಲ್ಲ. ಕಲಸುವಾಗ ಹೆಚ್ಚಾಗಿ ಬೆರೆಸಿದ ನೀರು ಆರಿಹೋದ ಮೇಲೆ ಅದರೊಳಗೆ ಕಣ್ಣಿಗೆ ಕಾಣದ ಸೂಕ್ಷ್ಮರಂಧ್ರಗಳು ಉಳಿಯುವುವು. ಅವುಗಳ ಮೂಲಕ ಮೇಲಿನಿಂದ ಎಣ್ಣೆಯು ಇಳಿಯುವುದು. ಕೆಳಗಿನಿಂದ ತೇವವು ಏರುವುದು. ಮೊದಲನೆಯದನ್ನು ಎಲ್ಲರೂ ಕಾಣುವರು. ಎರಡನೆಯದನ್ನು ಕಾಣುವವರು ವಿರಳ.

ಸಿರುಗುಪ್ಪದಲ್ಲಿ ನಮ್ಮ ಅಕ್ಕನವರ ಮನೆಯಿರುವುದು ಎರೆಭೂಮಿಯ ಮೇಲೆ. ಸುತ್ತಲೂ ತುಂಗಭದ್ರಾ ಕಾಲುವೆಯ ನೀರುಣ್ಣುವ ಭತ್ತದ ಗದ್ದೆಗಳು. ಅವರ ಮಗನು ಬೇಸಿಗೆಯಲ್ಲಿ, ನೆಲವು ಒಣಗಿರುವುದನ್ನು ಕಂಡು, ಷೆಡ್ಡಿಗೆ ಎಪಾಕ್ಸಿ ಲೇಪವನ್ನು ಹಚ್ಚಿಸಿದನು. ಎರಡು ತಿಂಗಳು ಅದು ಕನ್ನಡಿಯಂತೆ ಹೊಳೆಯಿತು. ಮಳೆಯೂ ಕಾಲುವೆಯ ನೀರೂ ಬಂದ ಮೇಲೆ ಅಲ್ಲಲ್ಲಿ ಬೊಬ್ಬೆಗಳೆದ್ದುವು. ಬಿಸಿಯೇರಿದ ಟೈರುಗಳಿಗೆ ಅಂಟಿಕೊಂಡು ಪದರವು ಕಿತ್ತುಬಂದಿತು. ಒಂದು ಮುಂಜಾನೆ ಅಕ್ಕನವರು ರಂಗೋಲಿಯ ಬಟ್ಟಲು ಹಿಡಿದು ಬರುತ್ತ, ಒದ್ದೆಯಾಗಿದ್ದ ಆ ನುಣುಪಿನ ಮೇಲೆ ಜಾರಿಬಿದ್ದು ಮುಂಗೈ ಮುರಿದುಕೊಂಡರು.

“ಮಾವ, ಲೇಪ ಹಚ್ಚಿದವನು ಮೋಸ ಮಾಡಿದ” ಎಂದು ಅಳಿಯನು ಕೊರಗಿದನು.

“ಮೋಸವಲ್ಲಪ್ಪಾ, ನಾಡಿ ನೋಡದೆ ಔಷಧ ಕೊಟ್ಟಂತಾಯಿತು” ಎಂದೆವು.

ಲೇಪದ ಮೇಲಣ ಆಸೆಯು ಹೊಸದೇನೂ ಅಲ್ಲ. ವರಾಹಮಿಹಿರಾಚಾರ್ಯರು ಬೃಹತ್ಸಂಹಿತೆಯಲ್ಲಿ ವಜ್ರಲೇಪಕ್ಕೆಂದೇ ಒಂದು ಅಧ್ಯಾಯವನ್ನು ಬರೆದು, ಅಗಸೆ, ಬಿಲ್ವ, ಗುಗ್ಗುಳ ಮೊದಲಾದುವು ಸೇರಿದ ಪಾಕವನ್ನು ಬಿಸಿಯಾಗಿರುವಾಗಲೇ ಗೋಡೆಗಳಿಗೂ ಬಾವಿಗಳಿಗೂ ಹಚ್ಚಬೇಕೆಂದು ವಿಧಿಸಿರುವರು. ಆದರೆ ಚಿಕಿತ್ಸೆಗೆ ಮೊದಲು ನಿದಾನವಾಗಬೇಕೆಂಬ ವೈದ್ಯರ ನಿಯಮವು ನೆಲಕ್ಕೂ ಸಲ್ಲುವುದು.

ಪರೀಕ್ಷೆಯು ಸುಲಭ. ಒಂದೂವರೆ ಅಡಿ ಚೌಕದ ಪ್ಲಾಸ್ಟಿಕ್ ಹಾಳೆಯನ್ನು ನೆಲದ ಮೇಲೆ ಹಾಸಿ, ನಾಲ್ಕು ಅಂಚುಗಳನ್ನೂ ಟೇಪಿನಿಂದ ಮುಚ್ಚಿ, 24 ಗಂಟೆ ಬಿಡತಕ್ಕದ್ದು. ಎತ್ತಿ ನೋಡಿದಾಗ ಅಡಿಯಲ್ಲಿ ಹನಿಗಳಿದ್ದರೆ, ಅಥವಾ ನೆಲವು ಕಪ್ಪಾಗಿದ್ದರೆ, ಅಲ್ಲಿ ಪದರ ಕಟ್ಟುವ ಲೇಪವು ನಿಲ್ಲದು. ಇದನ್ನು ಚೈತ್ರ ವೈಶಾಖಗಳಲ್ಲಿ ಮಾಡಿದರೆ ನೆಲವು ಸುಳ್ಳು ಹೇಳುವುದು. ಗದ್ದೆಗಳಲ್ಲಿ ನೀರು ನಿಂತಿರುವ ಶ್ರಾವಣ ಭಾದ್ರಪದಗಳಲ್ಲಿ ಮಾಡಿದರೆ ನಿಜವನ್ನಾಡುವುದು.

ಕುರುಗೋಡಿನ ನಮ್ಮ ಮಿತ್ರರೊಬ್ಬರು ಬೇರೆ ದಾರಿ ಹಿಡಿದರು. ಅವರ ಷೆಡ್ಡು ಗಟ್ಟಿನೆಲದ ಮೇಲಿದ್ದರೂ ಕಾಂಕ್ರೀಟಿನಿಂದ ಸದಾ ಧೂಳೇಳುತ್ತಿದ್ದಿತು. ಅವರು ಸೋಡಿಯಂ ಸಿಲಿಕೇಟಿನ ದ್ರಾವಣವನ್ನು ಹಚ್ಚಿಸಿದರು. ಅದು ರಂಧ್ರಗಳೊಳಗೆ ಇಳಿದು, ಸಿಮೆಂಟಿನ ಸುಣ್ಣದಂಶದೊಡನೆ ಕೂಡಿ ಗಟ್ಟಿಯಾಗುವುದು; ಮೇಲೆ ಪದರ ಕಟ್ಟದಿರುವುದರಿಂದ ಒಳಗಿನ ಆವಿಗೆ ಹೊರದಾರಿ ಉಳಿಯುವುದು, ಕಾಲೂ ಜಾರದು. ಧೂಳು ನಿಂತಿತು. ಆದರೆ ಚೆಲ್ಲಿದ ಎಣ್ಣೆಯನ್ನು ಆಗಲೇ ಒರೆಸದಿದ್ದರೆ ಕಲೆಯಾಗುವುದನ್ನು ಅದು ಪೂರ್ಣವಾಗಿ ತಡೆಯದು.

ನೆಲವು ಒಣಗಿದ್ದು ಎಪಾಕ್ಸಿಯನ್ನೇ ಬಯಸುವವರು ಎಣ್ಣೆಯ ಜಿಡ್ಡನ್ನು ತೆಗೆಸಿ, ಮೈಯನ್ನು ಉಜ್ಜಿ ತರಿಯಾಗಿಸಿ, ಲೇಪದಲ್ಲಿ ಸಣ್ಣ ಮರಳನ್ನು ಉದುರಿಸತಕ್ಕದ್ದು. ಬಿಸಿಲು ಬೀಳುವೆಡೆಯಲ್ಲಿ ಅದು ಹಳದಿಯಾಗುವುದೆಂಬುದನ್ನೂ ನೆನೆಯಬೇಕು. ಹೊಸ ನೆಲವಾದರೆ ಕಡಮೆಯೆಂದರೂ 7 ದಿನ ನೀರುಣಿಸಿ, 28 ದಿನ ಕಳೆದ ಮೇಲೆಯೇ ಲೇಪದ ಮಾತೆತ್ತುವುದು ಲೇಸು.

ಅಳಿಯನು ಆ ಪದರವನ್ನೆಲ್ಲ ಉಜ್ಜಿಸಿ ತೆಗೆಸಿ, ಕುರುಗೋಡಿನ ಕ್ರಮವನ್ನೇ ಅನುಸರಿಸಿದನು. ಅಕ್ಕನವರ ಕೈ ಕೂಡಿಕೊಂಡಿರುವುದು. ಷೆಡ್ಡಿನ ನೆಲವು ಈಗ ಹೊಳೆಯುವುದಿಲ್ಲ. ಅವರು ಅದರ ಮೇಲೆ ನಿರ್ಭಯವಾಗಿ ನಡೆಯುತ್ತಿರುವರು.